ಮೂಳೆಯೊಳಗಿನ ಲೋಹ ಮತ್ತು ಹಳೆಯ ದಾಖಲೆ
ಮುರಿದ ಮೂಳೆಯನ್ನು ಕೂಡಿಸಲು ಅಳವಡಿಸಿದ ಪ್ಲೇಟು, ಸ್ಕ್ರೂ, ರಾಡುಗಳು ವರ್ಷಗಳ ಬಳಿಕವೂ ತೊಂದರೆ ಕೊಡಬಹುದು. ಆ ಜಾಗದಲ್ಲಿ ನೋವು, ಊತ, ಕೀವು ಕಾಣಿಸಿಕೊಂಡರೆ ವಯಸ್ಸಿನ ಬಾಧೆಯೆಂದು ನಾವು ಉಪೇಕ್ಷಿಸಬಾರದು.

ವಿಶ್ವ ಆರೋಗ್ಯ ಸಂಸ್ಥೆಯ ರೋಗವರ್ಗೀಕರಣದ ಹತ್ತನೆಯ ಆವೃತ್ತಿಯಲ್ಲಿ ಇವುಗಳಿಗೆ ಬೇರೆ ಬೇರೆ ಸಂಕೇತಗಳಿವೆ. ಕೈಕಾಲಿನ ಮೂಳೆಗೆ ಹಾಕಿದ ಲೋಹ ಮುರಿದರೆ ಅಥವಾ ಜರುಗಿದರೆ ಟಿ 84.1, ಅದರಿಂದ ಸೋಂಕಾದರೆ ಟಿ 84.6, ಮೂಳೆ ಕೂಡಿದ ಮೇಲೆ ತೊಂದರೆಯಿಲ್ಲದೆ ತೆಗೆಸಿದರೆ ಜೆಡ್ 47.0. ಸಂಕೇತ ತಪ್ಪಿದರೆ ವಿಮೆಯ ಹಣ ತಡೆಯಬಹುದು. ಮುಂದಿನ ವೈದ್ಯರಿಗೆ ಹಳೆಯ ಸೋಂಕಿನ ಸುಳಿವೇ ಸಿಗದಿರಬಹುದು.

ಸಂಕೇತ ನಮೂದಿಸುವವರು ರೋಗಿಯನ್ನು ನೋಡಿ ಬರೆಯುವುದಿಲ್ಲ, ದಾಖಲೆಯನ್ನು ಓದಿ ಬರೆಯುತ್ತಾರೆ. ಆದ್ದರಿಂದ ಮೈಸೂರಿನ ಕೆ.ಆರ್. ಆಸ್ಪತ್ರೆಗೆ ಹೋಗಲಿ, ಜೆಎಸ್‌ಎಸ್ ಆಸ್ಪತ್ರೆಗೆ ಹೋಗಲಿ, ಹಳೆಯ ಡಿಸ್‌ಚಾರ್ಜ್ ಸಮ್ಮರಿ ಹಾಗೂ ಎಕ್ಸ್‌ರೇಗಳನ್ನು ಜೊತೆಗೊಯ್ಯೋಣ. ಮೈಯೊಳಗೆ ಲೋಹವಿರುವುದನ್ನು ಮೊದಲೇ ತಿಳಿಸೋಣ.