ರೂಟ್ ಮಾಡಿಸುವ ಮೊದಲು ಕೇಬಲ್ ಹಾಕಿ ನೋಡಿ

ಫೋನ್‌ನಲ್ಲಿ ಏನಾದರೂ ಹೊಸದು ಬೇಕೆಂದರೆ ‘ರೂಟ್ ಮಾಡಸ್ರಿ’ ಎನ್ನುವ ಸಲಹೆ ನಮ್ಮ ಚಂದಾಪುರದಲ್ಲಿ ಈಗಲೂ ಸಿಗುತ್ತದೆ. ರೂಟ್ ಎಂದರೆ ಫೋನ್‌ನ ವ್ಯವಸ್ಥೆಯ ಮೇಲೆ ಪೂರ್ತಿ ಹಿಡಿತ ಪಡೆಯುವುದು, ಬಹಳ ಸಲ ಅದರ ಗರಜೇ ಇರುವುದಿಲ್ಲ. ರೂಟ್ ಮಾಡಬೇಕಾದರೆ ಸಾಮಾನ್ಯವಾಗಿ ಮೊದಲು ಬೂಟ್‌ಲೋಡರ್ ಅನ್‌ಲಾಕ್ ಮಾಡಬೇಕು, ಆಗ ಫೋನ್‌ನಲ್ಲಿದ್ದ ಫೋಟೊ, ನಂಬರು ಎಲ್ಲ ಅಳಿಸಿಹೋಗುತ್ತವೆ. ಆಮೇಲೆ ಹಲವು ಬ್ಯಾಂಕ್ ಆಪ್‌ಗಳು ತೆರೆಯುವುದೇ ಇಲ್ಲ. ತೊಗರಿ ಮಾರಿದ ದುಡ್ಡು ಜಮಾ ಆಯಿತೋ ಇಲ್ಲವೋ ಎಂದು ಫೋನ್‌ನಲ್ಲೇ ನೋಡಿಕೊಳ್ಳುವ ಊರಿಗೆ ಇದು ಸಣ್ಣ ತೊಂದರೆಯಲ್ಲ.

ನಮ್ಮ ಕಾಕಾ ರಾತ್ರಿ ಊಟವಾದ ಮೇಲೆ ಫೋನ್‌ನಲ್ಲೇ ಪೇಪರ್ ಓದುತ್ತಾರೆ. ಆ ಹೊತ್ತಿಗೆ ಪರದೆ ತಾನಾಗಿಯೇ ಕಪ್ಪು-ಬಿಳುಪಾಗಬೇಕು ಎಂಬುದು ಅವರ ಬೇಡಿಕೆ. ಅದಕ್ಕೊಂದು ಆಪ್ ಸಿಕ್ಕಿತು, ಆದರೆ ಅದು ಕೇಳಿದ್ದು ‘ರೈಟ್ ಸೆಕ್ಯೂರ್ ಸೆಟ್ಟಿಂಗ್ಸ್’ ಎಂಬ ಅನುಮತಿ. ಕ್ಯಾಮೆರಾ, ಮೈಕ್‌ಗೆ ಕೊಡುವಂತೆ ಇದನ್ನು ಪರದೆ ಮುಟ್ಟಿ ಕೊಡಲು ಬರುವುದಿಲ್ಲ, ಕಂಪ್ಯೂಟರ್‌ನಿಂದ ಫೋನಿಗೆ ಆಜ್ಞೆ ಕಳಿಸುವ ಎಡಿಬಿ ಎಂಬ ಸಾಧನದ ಮೂಲಕ ಕೊಡಬೇಕು. ಎಡಿಬಿ ಇರುವ ‘ಪ್ಲಾಟ್‌ಫಾರ್ಮ್ ಟೂಲ್ಸ್’ ಅನ್ನು ಗೂಗಲ್ ಪುಕ್ಕಟೆ ಕೊಡುತ್ತದೆ.

ಸೆಟ್ಟಿಂಗ್ಸ್‌ನಲ್ಲಿ ಬಿಲ್ಡ್ ನಂಬರ್ ಮೇಲೆ 7 ಸಲ ಒತ್ತಿದರೆ ಡೆವಲಪರ್ ಆಪ್ಷನ್ಸ್ ತೆರೆಯುತ್ತದೆ, ಅಲ್ಲಿ ಯುಎಸ್‌ಬಿ ಡಿಬಗ್ಗಿಂಗ್ ಆನ್ ಮಾಡಬೇಕು. ಶಿಯೋಮಿ ಫೋನಾದರೆ ‘ಸೆಕ್ಯೂರಿಟಿ ಸೆಟ್ಟಿಂಗ್ಸ್’ ಎಂಬ ಇನ್ನೊಂದು ಡಿಬಗ್ಗಿಂಗ್ ಬಟನ್ ಕೂಡ ಬೇಕು, ಇಲ್ಲದಿದ್ದರೆ ಅನುಮತಿ ಹತ್ತುವುದಿಲ್ಲ. ಕೇಬಲ್ಲೂ ಡೇಟಾ ಹೋಗುವಂಥದ್ದಿರಬೇಕು. ಬರೀ ಚಾರ್ಜ್ ಮಾಡುವ ಅಗ್ಗದ ಕೇಬಲ್ ಹಾಕಿದರೆ ಕಂಪ್ಯೂಟರಿಗೆ ಫೋನ್ ಕಾಣಿಸುವುದೇ ಇಲ್ಲ.

ಕೇಬಲ್ ಸೇರಿಸಿದ ಕೂಡಲೇ ಫೋನ್ ಒಂದು ಪ್ರಶ್ನೆ ಕೇಳುತ್ತದೆ: ಈ ಕಂಪ್ಯೂಟರಿಗೆ ಒಪ್ಪಿಗೆಯೇ? ಕೆಳಗೆ ‘ಯಾವಾಗಲೂ ಒಪ್ಪಿಗೆ’ ಎಂಬ ಚೌಕ.

‘ಇದಕ್ಕ ಟಿಕ್ ಮಾಡ್ಲೇನು?’ ಎಂದರು ಕಾಕಾ.

‘ಬ್ಯಾಡ್ರಿ ಕಾಕಾ, ಬರೇ ಅಲೋ ಒತ್ರಿ.’

ಇಡೀ ಕೆಲಸದಲ್ಲಿ ನನಗೆ ಎಲ್ಲಕ್ಕಿಂತ ಮುಖ್ಯವೆನಿಸಿದ್ದು ಆ ಚೌಕವೇ. ಡಿಬಗ್ಗಿಂಗ್ ಆನ್ ಇರುವಾಗ ಅದಕ್ಕೆ ಟಿಕ್ ಹಾಕಿದ ಫೋನನ್ನು ಅದೇ ಕಂಪ್ಯೂಟರಿಗೆ ಮತ್ತೆ ಸೇರಿಸಿದರೆ, ಆ ಕಂಪ್ಯೂಟರ್ ಕೇಳದೆಯೇ ಆಪ್ ಹಾಕಬಲ್ಲದು, ತೆಗೆಯಬಲ್ಲದು, ಫೋಟೊ ನಕಲು ಮಾಡಿಕೊಳ್ಳಬಲ್ಲದು. ಅಂಗಡಿಯ ಕಂಪ್ಯೂಟರಿಗೆ ಇಷ್ಟು ಸಲಿಗೆ ಕೊಡಬಾರದು.

ಇನ್ನು ಕಂಪ್ಯೂಟರಿನಲ್ಲಿ ಬರೆಯಬೇಕಾದ ಆಜ್ಞೆ ಒಂದೇ ಸಾಲು: ‘ಎಡಿಬಿ ಶೆಲ್ ಪಿಎಂ ಗ್ರಾಂಟ್’, ಮುಂದೆ ಆಪ್‌ನ ಪ್ಯಾಕೇಜ್ ಹೆಸರು, ಆಮೇಲೆ ಅನುಮತಿಯ ಪೂರ್ತಿ ಹೆಸರು. ಎಂಟರ್ ಒತ್ತಿದರೆ ಪರದೆ ಏನನ್ನೂ ಹೇಳುವುದಿಲ್ಲ. ಹಾಗೆ ಸುಮ್ಮನಿದ್ದರೆ ಕೆಲಸ ಆಯಿತೆಂದೇ ಅರ್ಥ, ತಪ್ಪಿದ್ದರೆ ಉದ್ದನೆಯ ದೂರು ಬರುತ್ತದೆ. ಫೋನ್ ಆಫ್ ಮಾಡಿ ಆನ್ ಮಾಡಿದರೂ ಅನುಮತಿ ಉಳಿಯುತ್ತದೆ. ಬೇಡವೆನಿಸಿದರೆ ‘ಗ್ರಾಂಟ್’ ಬದಲು ‘ರಿವೋಕ್’ ಬರೆದರೆ ವಾಪಸ್. ರೂಟ್‌ಗಿಂತ ಈ ದಾರಿ ನನಗೆ ಹಿಡಿಸಿದ್ದು ಇದಕ್ಕೇ: ಒಂದು ಆಪ್‌ಗೆ ಒಂದೇ ಅನುಮತಿ, ಬೇಕಾದಾಗ ಹಿಂಪಡೆಯಬಹುದು.

ಆದರೂ ಇದು ಭಾರಿ ಅನುಮತಿಯೇ. ಇದನ್ನು ಪಡೆದ ಆಪ್ ಪರದೆಯ ಬಣ್ಣ ಮಾತ್ರವಲ್ಲ, ಫೋನ್‌ನ ಇನ್ನೂ ಹಲವು ಸೆಟ್ಟಿಂಗ್‌ಗಳನ್ನು ಬದಲಿಸಬಲ್ಲದು. ಯಾರು ಮಾಡಿದ ಆಪ್ ಎಂದು ತಿಳಿಯದಿದ್ದರೆ ಕೊಡಲೇಬೇಡಿ. ಫೋನ್ ಮಾಡಿ ‘ಡೆವಲಪರ್ ಆಪ್ಷನ್ ತೆಗೀರಿ’ ಎನ್ನುವ ಅಪರಿಚಿತರ ಮಾತು ಕೇಳಬೇಡಿ. ಕೆಲಸ ಮುಗಿದ ಮೇಲೆ ‘ರಿವೋಕ್ ಯುಎಸ್‌ಬಿ ಡಿಬಗ್ಗಿಂಗ್ ಆಥರೈಜೇಷನ್ಸ್’ ಒತ್ತಿ, ಡಿಬಗ್ಗಿಂಗ್ ಆಫ್ ಮಾಡಿ. ಕೊಟ್ಟ ಅನುಮತಿ ಅದರಿಂದ ಹೋಗುವುದಿಲ್ಲ.