ಕೆಂಪು ಪ್ಲಸ್ ಅಂಟಿಸುವ ಮುನ್ನ

ವೈದ್ಯರ ಕಾರಿನ ಗಾಜು, ಮೆಡಿಕಲ್ ಶಾಪಿನ ಬೋರ್ಡು, ನರ್ಸಿಂಗ್ ಹೋಮ್ ಗೇಟು, ಶಾಲೆಯ ಪ್ರಥಮ ಚಿಕಿತ್ಸೆ ಪೆಟ್ಟಿಗೆ. ಎಲ್ಲಿ ನೋಡಿದರೂ ಬಿಳಿಯ ಮೇಲೆ ಕೆಂಪು ಪ್ಲಸ್. ಆಸ್ಪತ್ರೆಗೆ ಸಂಬಂಧಿಸಿದ್ದಕ್ಕೆಲ್ಲ ಅದೇ ಗುರುತು ಎಂದು ನಾವು ತೀರ್ಮಾನಿಸಿ ಎಷ್ಟೋ ಕಾಲವಾಯಿತು. ಕಾನೂನು ಹಾಗೆ ಹೇಳುವುದಿಲ್ಲ. ಅದು ರೆಡ್ ಕ್ರಾಸ್ ಲಾಂಛನ. ಕಾಳಗ ನಡೆಯುವಲ್ಲಿ ಗಾಯಾಳುಗಳ ಮೇಲೂ ಅವರ ಆರೈಕೆಗೆ ನಿಂತವರ ಮೇಲೂ ಗುಂಡು ಹಾರಿಸಬಾರದು ಎಂಬುದೇ ಅದರ ಅರ್ಥ.

1859ರ ಜೂನ್ 24ರಂದು ಇಟಲಿಯ ಸೋಲ್ಫೆರಿನೊದಲ್ಲಿ ನಡೆದ ಯುದ್ಧದ ನಂತರ ಸಾವಿರಾರು ಸೈನಿಕರು ದಿಕ್ಕಿಲ್ಲದೆ ನರಳುತ್ತಿದ್ದುದನ್ನು ಜಿನೀವಾದ ವ್ಯಾಪಾರಿ ಹೆನ್ರಿ ಡ್ಯುನಾಂಟ್ ಕಂಡ. ಅವನು ಮುಂದೆ ಹತ್ತಿಸಿದ ಚರ್ಚೆಯ ಫಲವೇ 1864ರ ಜಿನೀವಾ ಒಪ್ಪಂದ. ಸ್ವಿಟ್ಜರ್ಲೆಂಡಿನ ಧ್ವಜದ ಬಣ್ಣಗಳನ್ನು ಅದಲುಬದಲು ಮಾಡಿದ ಈ ಗುರುತು ಸೇನಾ ವೈದ್ಯಕೀಯ ಸೇವೆಗೆ ಮೀಸಲಾಯಿತು. ಶಿಲುಬೆಯ ಛಾಯೆ ಬೇಡವೆಂದು ಒಟ್ಟೋಮನ್ ತುರ್ಕರು 1876ರಲ್ಲಿ ಕೆಂಪು ಅರ್ಧಚಂದ್ರ ಬಳಸಿದರು. ಎರಡೂ ಬೇಡವೆನ್ನುವವರಿಗಾಗಿ 2005ರಲ್ಲಿ ವಜ್ರಾಕಾರದ ಕೆಂಪು ಚೌಕಟ್ಟು, ಅಂದರೆ ರೆಡ್ ಕ್ರಿಸ್ಟಲ್ ಬಂತು.

ನಮ್ಮಲ್ಲಿ ಇದಕ್ಕಿರುವ ಕಾನೂನು 1960ರ ಜಿನೀವಾ ಒಪ್ಪಂದಗಳ ಕಾಯ್ದೆ. ಅದರ 12ನೇ ಕಲಂ ಪ್ರಕಾರ ಕೇಂದ್ರ ಸರ್ಕಾರದ ಒಪ್ಪಿಗೆಯಿಲ್ಲದೆ ಯಾರೂ, ಯಾವ ಉದ್ದೇಶಕ್ಕೂ ಈ ಲಾಂಛನ ಬಳಸುವಂತಿಲ್ಲ. ‘ರೆಡ್ ಕ್ರಾಸ್’, ‘ಜಿನೀವಾ ಕ್ರಾಸ್’ ಎಂಬ ಹೆಸರುಗಳನ್ನೂ ಇಟ್ಟುಕೊಳ್ಳುವಂತಿಲ್ಲ. ಸ್ವಲ್ಪ ತಿದ್ದಿ, ಹೋಲುವಂತೆ ಬರೆದರೂ ತಪ್ಪೇ. ಬಣ್ಣ ತಿರುಗಿಸಿ ಕೆಂಪಿನ ಮೇಲೆ ಬಿಳಿ ಪ್ಲಸ್ ಹಾಕಿದರೆ ಪಾರಾಗಬಹುದೆಂದುಕೊಂಡವರಿಗೆ ಇನ್ನೊಂದು ಫಜೀತಿ: ಅದು ಸ್ವಿಸ್ ಲಾಂಛನ, ಅದನ್ನೂ ಇದೇ ಕಲಂ ನಿಷೇಧಿಸಿದೆ.

ಶಿಕ್ಷೆ 13ನೇ ಕಲಮಿನಲ್ಲಿದೆ. ದಂಡ ಹೆಚ್ಚೆಂದರೆ 500 ರೂಪಾಯಿ. ಅರವತ್ತರ ದಶಕದಲ್ಲಿ ಅದು ದೊಡ್ಡ ಮೊತ್ತ, ಇಂದು ಬೋರ್ಡು ಬರೆಯುವವನ ಕೂಲಿಗೂ ಸಾಲದು. ಆದರೆ ಲಾಂಛನ ಬಳಸಿದ ಸರಕನ್ನು ಮುಟ್ಟುಗೋಲು ಹಾಕಿಕೊಳ್ಳಲೂ ಅದೇ ಕಲಂ ಅವಕಾಶ ಕೊಡುತ್ತದೆ. ಡಬ್ಬಿಗಳ ಮೇಲೆ ಪ್ಲಸ್ ಅಚ್ಚು ಹಾಕಿಸಿ ಗೋದಾಮು ತುಂಬಿಸಿಕೊಂಡವರು ಹೆದರಬೇಕಾದದ್ದು ಇದಕ್ಕೆ.

ಇಷ್ಟು ಸಣ್ಣ ಗುರುತಿಗೆ ಇಷ್ಟೆಲ್ಲ ಏಕೆ? ಕೊಲಂಬಿಯಾದ ಪ್ರಸಂಗ ನೋಡಿ. 2008ರ ಜುಲೈನಲ್ಲಿ ಅಲ್ಲಿನ ಸೇನೆ ಮಾನವೀಯ ನೆರವಿನ ತಂಡದ ಸೋಗು ಹಾಕಿ ಬಂಡುಕೋರರ ವಶದಲ್ಲಿದ್ದ 15 ಒತ್ತೆಯಾಳುಗಳನ್ನು ಬಿಡಿಸಿಕೊಂಡು ಬಂತು. ಅವರಲ್ಲಿ ರಾಜಕಾರಣಿ ಇಂಗ್ರಿಡ್ ಬೆಟಾಂಕೋರ್ಟ್ ಕೂಡ ಇದ್ದರು. ಜಗತ್ತೇ ಮೆಚ್ಚಿತು. ಎರಡು ವಾರದೊಳಗೆ, ಕಾರ್ಯಾಚರಣೆಯಲ್ಲಿ ಒಬ್ಬಾತ ರೆಡ್ ಕ್ರಾಸ್ ಲಾಂಛನ ತೊಟ್ಟಿದ್ದನ್ನು ಅಧ್ಯಕ್ಷ ಉರಿಬೆ ಒಪ್ಪಿ ವಿಷಾದ ಸೂಚಿಸಬೇಕಾಯಿತು. ಒತ್ತೆಯಾಳುಗಳು ಬಂದದ್ದು ಸಂತೋಷವೇ. ಆದರೆ ಮುಂದೆ ನಿಜವಾದ ನೆರವಿನ ವಾಹನ ಎದುರು ಬಂದಾಗ ಬಂದೂಕು ಹಿಡಿದವನು ಅನುಮಾನಪಟ್ಟರೆ ಜೀವ ಹೋಗುವುದು ನರ್ಸಿನದು, ಗಾಯಾಳುವಿನದು.

ಹಾಗಾದರೆ ಬಳಸುವವರು ಯಾರು? ಸೇನೆಯ ವೈದ್ಯಕೀಯ ವಿಭಾಗ, ಮತ್ತು 1920ರ ಕಾಯ್ದೆಯಡಿ ಹುಟ್ಟಿದ ಭಾರತೀಯ ರೆಡ್ ಕ್ರಾಸ್ ಸೊಸೈಟಿ. ಪೂರ್ತಿ ಉಚಿತ ಚಿಕಿತ್ಸೆಗೆಂದೇ ಮೀಸಲಾದ ನೆರವು ಕೇಂದ್ರ ಅಥವಾ ಆಂಬ್ಯುಲೆನ್ಸಿಗೆ ಸೊಸೈಟಿಯ ಅನುಮತಿಯ ಮೇಲೆ ವಿನಾಯಿತಿ ಇರಬಹುದೆಂದು ಮೊದಲ ಜಿನೀವಾ ಒಪ್ಪಂದದ 44ನೇ ವಿಧಿ ಹೇಳುತ್ತದೆ. ಫೀಸು ತೆಗೆದುಕೊಳ್ಳುವ ಕ್ಲಿನಿಕ್ಕಿಗೆ ಈ ದಾರಿ ಇಲ್ಲ.

ಕಾರಿಗೆ ಪ್ಲಸ್ ಸ್ಟಿಕ್ಕರ್ ಅಂಟಿಸಿದರೆ ಸಿಗ್ನಲ್, ಪಾರ್ಕಿಂಗ್, ಟೋಲ್ ಯಾವುದರಲ್ಲೂ ರಿಯಾಯಿತಿ ಸಿಗದು. ಆಂಬ್ಯುಲೆನ್ಸಿಗೆ ದಾರಿ ಬಿಡದವರಿಗೆ ಶಿಕ್ಷೆ ಕೊಡುವುದು ಮೋಟಾರು ವಾಹನ ಕಾಯ್ದೆಯ 194ಇ ಕಲಂ. ಅಲ್ಲಿ ಲೆಕ್ಕಕ್ಕೆ ಬರುವುದು ತುರ್ತು ವಾಹನ, ಗಾಜಿನ ಮೇಲಿನ ಚಿತ್ರ ಅಲ್ಲ.

ದುರ್ಬಳಕೆ ಕಂಡ ಸಾರ್ವಜನಿಕರು ನೇರವಾಗಿ ಕೋರ್ಟಿಗೆ ಹೋಗಲಾಗದು; ಸರ್ಕಾರ ಅಥವಾ ಅದು ಗೊತ್ತುಪಡಿಸಿದ ಅಧಿಕಾರಿ ದೂರು ಕೊಟ್ಟರೆ ಮಾತ್ರ ನ್ಯಾಯಾಲಯ ವಿಚಾರಣೆಗೆ ತೆಗೆದುಕೊಳ್ಳುತ್ತದೆ. ಆದ್ದರಿಂದ ಫೋಟೊ, ವಿಳಾಸ, ದಿನಾಂಕ ಸೇರಿಸಿ ರೆಡ್ ಕ್ರಾಸ್‌ನ ಜಿಲ್ಲಾ ಶಾಖೆಗೆ ಅಥವಾ ಜಿಲ್ಲಾಧಿಕಾರಿ ಕಚೇರಿಗೆ ಲಿಖಿತ ಅರ್ಜಿ ಕೊಟ್ಟು ಸ್ವೀಕೃತಿ ಪಡೆಯಿರಿ. ಅದಕ್ಕೂ ಮೊದಲು ಅಂಗಡಿಯವರಿಗೊಮ್ಮೆ ಹೇಳಿ ನೋಡುವುದು ಒಳ್ಳೆಯದು. ಹೆಚ್ಚಿನವರಿಗೆ ವಿಷಯವೇ ಗೊತ್ತಿರುವುದಿಲ್ಲ. ಪ್ರಥಮ ಚಿಕಿತ್ಸೆ ಪೆಟ್ಟಿಗೆಗೆ ಹಸಿರಿನ ಮೇಲೆ ಬಿಳಿ ಪ್ಲಸ್ ಎಂಬ ಅಂತರರಾಷ್ಟ್ರೀಯ ಗುರುತಿದೆ, ಔಷಧಿ ಅಂಗಡಿಗೆ ಹಸಿರು ಪ್ಲಸ್ ಸಾಕು.