ಕಪಾಟಿನಲ್ಲಿ ಹಲವು ಬಗೆಯ ಪುಸ್ತಕಗಳಿರಲಿ

ಓದುವವರು ಒಂದೇ ಬಗೆಯ ಪುಸ್ತಕಕ್ಕೆ ಅಂಟಿಕೊಳ್ಳುವುದು ಸಹಜ. ಆದರೆ ಈ ವರ್ಷ ಸ್ವಲ್ಪ ಆಚೀಚೆ ಕೈ ಚಾಚಿ ನೋಡಿ.

ಮಕ್ಕಳಿಗೆ ಅನುಪಮಾ ನಿರಂಜನರ ‘ದಿನಕ್ಕೊಂದು ಕಥೆ’ ತನ್ನಿ. ಮಲಗುವ ಮುನ್ನ ನೀವೇ ಓದಿ ಹೇಳಿ. ಕಾದಂಬರಿ ಹೊಸದೆನ್ನುವವರು ತೇಜಸ್ವಿಯವರ ‘ಕರ್ವಾಲೊ’ದಿಂದ ಶುರುಮಾಡಿ, ಪುಟ್ಟದು, ಕುತೂಹಲ ಕೆಡದಂತೆ ಓದಿಸಿಕೊಳ್ಳುತ್ತದೆ. ಸಣ್ಣಕಥೆ ಇಷ್ಟವಾದರೆ, 2025ರಲ್ಲಿ ಅಂತರರಾಷ್ಟ್ರೀಯ ಬೂಕರ್ ಪ್ರಶಸ್ತಿ ಕನ್ನಡಕ್ಕೆ ತಂದ ಬಾನು ಮುಷ್ತಾಕರಿದ್ದಾರೆ. ಮನಸ್ಸಿನ ಆರೋಗ್ಯಕ್ಕೆ ಮನೋವೈದ್ಯ ಡಾ. ಸಿ.ಆರ್. ಚಂದ್ರಶೇಖರ್ ಅವರ ಪುಸ್ತಕಗಳು ಸರಳವಾಗಿವೆ. ಆದರೆ ಓದು ಚಿಕಿತ್ಸೆಗೆ ಬದಲಿಯಲ್ಲ, ಸಂಕಟ ಹೆಚ್ಚಿದರೆ ವೈದ್ಯರನ್ನು ಕಾಣಿ.

ವ್ಯಾಪಾರ, ಹಣಕಾಸಿನ ಪುಸ್ತಕ ಕೊಳ್ಳುವಾಗ ಮುದ್ರಣದ ವರ್ಷ ನೋಡಿ. ತೆರಿಗೆ, ಸಾಲದ ನಿಯಮಗಳು ಬದಲಾಗುತ್ತಲೇ ಇರುತ್ತವೆ. ಬೇಗ ಶ್ರೀಮಂತರಾಗುವ ಗುಟ್ಟು ಹೇಳುವುದಕ್ಕಿಂತ, ಲೆಕ್ಕ ಇಡುವುದನ್ನು ಕಲಿಸುವ ಪುಸ್ತಕ ಹೆಚ್ಚು ಕೆಲಸಕ್ಕೆ ಬರುತ್ತದೆ.

ಎಲ್ಲವನ್ನೂ ಕೊಳ್ಳಲೇಬೇಕೆಂದಿಲ್ಲ. ಊರಿನ ಸಾರ್ವಜನಿಕ ಗ್ರಂಥಾಲಯಕ್ಕೋ, ಗ್ರಾಮ ಪಂಚಾಯಿತಿಯ ಅರಿವು ಕೇಂದ್ರಕ್ಕೋ ಹೋಗಿ. ಪರಿವಿಡಿ ನೋಡಿ, ಹತ್ತು ಪುಟ ಓದಿ. ಹಿಡಿಸದಿದ್ದರೆ ಸಂಕೋಚವಿಲ್ಲದೆ ಮತ್ತೊಂದನ್ನು ಎತ್ತಿಕೊಳ್ಳಿ. ಹೋಗುವಾಗ ಮಕ್ಕಳನ್ನೂ ಜೊತೆಗೆ ಕರೆದೊಯ್ಯಿರಿ, ತಮ್ಮ ಪುಸ್ತಕವನ್ನು ಅವರೇ ಆರಿಸಿಕೊಳ್ಳಲಿ.